ಕೆಂಪು ವೈಮಾನಿಕನ ಆತ್ಮಕಥೆ

ಮೊದಲನೆಯ ಮಹಾಯುದ್ಧದಲ್ಲಿ ಹೋರಾಡಿದ ಯೋಧರ ಪೈಕಿ ಜರ್ಮನಿಯ ಮಾನ್‌ಫ್ರೆಡ್ ಫಾನ್ ರಿಖ್ಟ್‌ಹೋಫೆನ್ನನಷ್ಟು ಜನಜನಿತನಾದವನು ಬಹುಶಃ ಮತ್ತೊಬ್ಬನಿಲ್ಲ. ಆ ಯುದ್ಧವನ್ನು ನಡೆಸಿದ ಸೇನಾಪತಿಗಳ ಹೆಸರನ್ನು ಮರೆತವರು ಕೂಡ ‘ಕೆಂಪು ಬ್ಯಾರನ್’ ಎಂಬ ಬಿರುದನ್ನು ಬಲ್ಲರು. 80 ಶತ್ರುವಿಮಾನಗಳನ್ನು ಕೆಡಹಿ, 26 ವರ್ಷ ತುಂಬುವ ಮೊದಲೇ ತಾನೂ ಮಡಿದ ಈ ತರುಣನ ಸುತ್ತ ಬೆಳೆದ ಐತಿಹ್ಯವು ಚಲನಚಿತ್ರ, ಗೀತ, ಮಕ್ಕಳ ಆಟಿಕೆಗಳವರೆಗೂ ಹಬ್ಬಿದೆ. ಅಮೆರಿಕದ ವ್ಯಂಗ್ಯಚಿತ್ರಕಾರ ಚಾರ್ಲ್ಸ್ ಷುಲ್ಜ್ ಸೃಷ್ಟಿಸಿದ ಸ್ನೂಪಿ ಎಂಬ ನಾಯಿಯು 1965ರಿಂದ ತನ್ನ ಗೂಡಿನ ಮಾಡನ್ನೇ ವಿಮಾನವೆಂದು ಭಾವಿಸಿ ಅವನೊಡನೆ ಕಾದಾಡತೊಡಗಿತು. ಆ ನಗೆಯಲ್ಲಿಯೂ ಒಂದು ಗೌರವವಿದೆ. ಅವನು ಆಕಾಶದ ಕೊನೆಯ ರಾವುತನೆಂದೂ, ಹಗೆಯನ್ನು ಧರ್ಮದಿಂದ ಎದುರಿಸಿದವನೆಂದೂ ಲೋಕವು ನಂಬಿದೆ.

ಈ ರಾವುತನು ಒಂದು ಪುಸ್ತಕವನ್ನು ಬರೆದಿದ್ದಾನೆಂಬುದು ಮಾತ್ರ ಅಷ್ಟಾಗಿ ಯಾರ ಗಮನಕ್ಕೂ ಬಂದಂತಿಲ್ಲ. ಇತಿಹಾಸಕಾರರು ಅದರಿಂದ ತಾರೀಖುಗಳನ್ನು ಹೆಕ್ಕಿಕೊಂಡು ಮುಂದೆ ಸಾಗುತ್ತಾರೆ. ಸಾಹಿತ್ಯ ವಿಮರ್ಶಕರು, ಸೈನಿಕನೊಬ್ಬನ ಪ್ರಚಾರಗ್ರಂಥದಲ್ಲಿ ಏನಿರಬಲ್ಲುದೆಂದು ಕೈಬಿಡುತ್ತಾರೆ. ಪ್ರಕೃತ ಲೇಖನದ ಉದ್ದೇಶ ಆ ಪುಸ್ತಕವನ್ನು ಪುಸ್ತಕವೆಂದೇ ಓದಿ ನೋಡುವುದು. ಹಾಗೆ ಓದಿದಾಗ ಐತಿಹ್ಯದ ರಾವುತನು ಅಲ್ಲಿ ಕಾಣಸಿಗುವುದಿಲ್ಲ, ಕಾಣುವವನು ಬೇರೊಬ್ಬ.

ಅವನ ಪೂರ್ವವೃತ್ತಾಂತವನ್ನು ಸಂಕ್ಷೇಪವಾಗಿ ಹೇಳಿದರೆ ಸಾಕು. 1892ರ ಮೇ 2ರಂದು ಬ್ರೆಸ್ಲಾವ್ ನಗರದಲ್ಲಿ, ಎಂದರೆ ಈಗ ಪೋಲೆಂಡಿಗೆ ಸೇರಿರುವ ವ್ರೋಟ್ಸ್ವಾಫ್‌ನಲ್ಲಿ, ಕುಲೀನ ಮನೆತನವೊಂದರಲ್ಲಿ ಅವನು ಹುಟ್ಟಿದ. ಆಂಗ್ಲ ಕಾದಂಬರಿಕಾರ ಡಿ. ಎಚ್. ಲಾರೆನ್ಸನ ಪತ್ನಿ ಫ್ರೀಡಾ ಈ ವಂಶದವಳೇ, ಅವನಿಗೆ ದೂರದ ಸಂಬಂಧಿ. 11ನೆಯ ವಯಸ್ಸಿಗೆ ಸೈನಿಕ ಶಾಲೆಗೆ ಸೇರಿದ ಬಾಲಕನು ಅಲ್ಲಿಂದ ಈಟಿಯ ಕುದುರೆಪಡೆಗೆ ಬಂದ. 1914ರಲ್ಲಿ ಯುದ್ಧ ಹತ್ತಿದಾಗ ಅವನು ರಾವುತನೇ ಆಗಿದ್ದನೆಂಬುದು ನಿಜ. ಆದರೆ ಮುಳ್ಳುತಂತಿಗೂ ಮೆಷಿನ್‌ಗನ್ನಿಗೂ ಎದುರಾಗಿ ಕುದುರೆಯಿಂದ ಏನೂ ನಡೆಯಲಿಲ್ಲ. ಪಡೆಗಳು ಕಂದಕಗಳನ್ನು ತೋಡಿಕೊಂಡು ನೆಲದೊಳಗಿಳಿದುವು; ರಾವುತರಿಗೆ ಸುದ್ದಿ ಒಯ್ಯುವುದು, ಸಾಮಗ್ರಿ ಒದಗಿಸುವುದು ಮುಂತಾದ ಕೆಲಸಗಳುಳಿದುವು. ಇದರಿಂದ ಬೇಸತ್ತು 1915ರ ಮೇ ತಿಂಗಳಲ್ಲಿ ಅವನು ವಿಮಾನದಳಕ್ಕೆ ವರ್ಗ ಮಾಡಿಸಿಕೊಂಡ. ಮೊದಲು ವೀಕ್ಷಕ, ಅನಂತರ ಚಾಲಕ. ಒಬ್ಬನೇ ಹಾರಿದ ಮೊದಲ ಸಲ ವಿಮಾನವನ್ನು ಇಳಿಸಲಾರದೆ ಮುರಿದುಹಾಕಿದನು. ಓಸ್ವಾಲ್ಡ್ ಬೋಲ್ಕೆ ಎಂಬ ಪ್ರಸಿದ್ಧ ವೈಮಾನಿಕನು ತನ್ನ ಹೊಸ ದಳಕ್ಕೆ ಅವನನ್ನು ಆರಿಸಿಕೊಂಡದ್ದರಿಂದ ಅವನ ದೆಸೆ ತೆರೆಯಿತು. 1916ರ ಸೆಪ್ಟೆಂಬರ್ 17ರಂದು ಕಾಂಬ್ರೇ ಬಳಿ ಮೊದಲ ಜಯ. 1917ರ ಜನವರಿಯ ಹೊತ್ತಿಗೆ 16 ಜಯಗಳು, ರಾಜ್ಯದ ಅತ್ಯುನ್ನತ ಶೌರ್ಯಪದಕ, ಸ್ವಂತ ದಳದ ನಾಯಕತ್ವ. ವಿಮಾನಕ್ಕೆ ಕೆಂಪು ಬಣ್ಣ ಬಳಿಸಿದ್ದು ಆಗಲೇ. ಆ ವರ್ಷದ ಏಪ್ರಿಲ್ ತಿಂಗಳೊಂದರಲ್ಲಿಯೇ ಅವನು 21 ವಿಮಾನಗಳನ್ನು ಕೆಡಹಿದನು. ಇಂಗ್ಲಿಷರು ಅದನ್ನು ‘ರಕ್ತದ ಏಪ್ರಿಲ್’ ಎಂದು ಕರೆದರು.

ಪುಸ್ತಕ ಹುಟ್ಟಿದ್ದು ಈ ಕೀರ್ತಿಯ ಉಬ್ಬರದಲ್ಲಿ. ‘ಡೆರ್ ರೋಟೆ ಕಾಂಪ್‌ಫ್ಲೀಗರ್’, ಎಂದರೆ ‘ಕೆಂಪು ಕದನವೈಮಾನಿಕ’, 1917ರಲ್ಲಿ ಬರ್ಲಿನ್ನಿನ ಉಲ್‌ಷ್ಟೈನ್ ಪ್ರಕಾಶನದಿಂದ ಹೊರಬಂದಿತು. ಸೇನೆಯ ಪತ್ರಿಕಾಶಾಖೆಯು ಅದರ ಮೇಲೆ ಕಣ್ಣಿಟ್ಟಿದ್ದು ಬೇಕಾದೆಡೆ ಕತ್ತರಿಯಾಡಿಸಿತು. ಆದುದರಿಂದ ಇದರಲ್ಲಿ ಲೇಖಕನ ಅಂತರಂಗವು ನೇರವಾಗಿ ದೊರೆಯುವುದೆಂದು ಭಾವಿಸುವುದು ಭೋಳೆತನವಾದೀತು. ಆದರೂ ಪ್ರಚಾರಕ್ಕೆಂದು ಬರೆದ ಗ್ರಂಥವು ಪ್ರಚಾರಕನಿಗೆ ತಿಳಿಯದಂತೆ ಎಷ್ಟೋ ಸಂಗತಿಗಳನ್ನು ಬಿಟ್ಟುಕೊಡುತ್ತದೆ. ದೇಶಾಭಿಮಾನದ ಉದ್ಘೋಷಗಳನ್ನು ನಿರೀಕ್ಷಿಸಿ ಓದತೊಡಗಿದವರಿಗೆ ಇಲ್ಲಿ ಆಶ್ಚರ್ಯ ಕಾದಿದೆ. ಶತ್ರುವಿನ ಮೇಲೆ ದ್ವೇಷವಾಗಲಿ, ಯುದ್ಧದ ಧ್ಯೇಯವನ್ನು ಕುರಿತ ಚಿಂತನೆಯಾಗಲಿ ಇದರಲ್ಲಿ ಇಲ್ಲವೆಂದೇ ಹೇಳಬೇಕು. ವಾಕ್ಯಗಳು ಚಿಕ್ಕವು, ಲಘುವಾದವು. ರಜೆಯಲ್ಲಿ ಮನೆಗೆ ಬಂದ ಅಣ್ಣನು ತಮ್ಮಂದಿರನ್ನು ಸುತ್ತ ಕೂರಿಸಿಕೊಂಡು ಹೇಳುವ ಧಾಟಿ ಅದರದು. ಈ ಹಗುರತನವೇ ಅದರ ಆಕರ್ಷಣೆ, ಅದರ ಭಯಾನಕತೆ ಕೂಡ.

ಇಡೀ ಕೃತಿಯನ್ನು ಆಳುವ ಭಾವ ಯಾವುದು? ವೀರವೆಂದು ತಟ್ಟನೆ ಹೇಳಿಬಿಡಬಹುದು. ಆದರೆ ನಮ್ಮ ಲಾಕ್ಷಣಿಕರ ಮಾತನ್ನು ನೆನೆದರೆ ಸಂಶಯ ಹುಟ್ಟುತ್ತದೆ. ವೀರಕ್ಕೆ ಉತ್ಸಾಹವು ಸ್ಥಾಯಿ. ಗೆಲ್ಲಬೇಕಾದ ಪ್ರತಿನಾಯಕನು ಆಲಂಬನ. ಪ್ರತಿನಾಯಕನು ಹಿರಿಯನಾದಷ್ಟೂ ರಸವು ಪುಷ್ಟವಾಗುತ್ತದೆ. ಹತನಾಗಿ ಬಿದ್ದ ಅಭಿಮನ್ಯುವಿನೆದುರು ನಿಂತು ರನ್ನನ ದುರ್ಯೋಧನನು ಆಡುವ ಮಾತುಗಳು ಕನ್ನಡ ವಾಚಕರಿಗೆ ಚಿರಪರಿಚಿತ. ಅಲ್ಲಿ ಹಗೆಯ ಹಿರಿಮೆಯೇ ವೀರದ ಅಳತೆಗೋಲು. ರಿಖ್ಟ್‌ಹೋಫೆನ್ನನ ಪುಸ್ತಕದಲ್ಲಿ ಎದುರಾಳಿಗೆ ಈ ಸ್ಥಾನವಿಲ್ಲ. ಅಲ್ಲಿ ಇರುವುದು ಉತ್ಸಾಹವೇ ಹೌದು, ಆದರೆ ಅದು ಕದನದ ಉತ್ಸಾಹವಲ್ಲ, ಮೃಗಯೆಯ ಉತ್ಸಾಹ.

ಇದು ನಮ್ಮ ಊಹೆಯಲ್ಲ. ಲೇಖಕನೇ ಮುಚ್ಚುಮರೆಯಿಲ್ಲದೆ ಒಪ್ಪಿಕೊಂಡದ್ದು. 1917ರ ಮೇ ತಿಂಗಳಲ್ಲಿ ಅವನು ಪ್ಲೆಸ್ ಪ್ರಭುವಿನ ಕಾಡಿಗೆ ಅತಿಥಿಯಾಗಿ ಹೋಗಿ, ಯೂರೋಪಿನಲ್ಲಿ ಅಳಿವಿನ ಅಂಚಿಗೆ ಬಂದಿದ್ದ ಕಾಡುಕೋಣವೊಂದನ್ನು ಬೇಟೆಯಾಡಿದನು. ಆ ದೈತ್ಯಪ್ರಾಣಿ ತನ್ನತ್ತ ಬರುತ್ತಿರುವುದನ್ನು ಕಂಡಾಗ ತನಗಾದ ಮೈಜುಮ್ಮು, ಆಕಾಶದಲ್ಲಿ ಇಂಗ್ಲಿಷನೊಬ್ಬನನ್ನು ದೂರದಿಂದ ಕಂಡು ಅವನ ಬಳಿಗೆ ಹಾರಿ ಹೋಗುವ ಐದು ನಿಮಿಷಗಳಲ್ಲಿ ಆಗುವಂಥದೇ ಎಂದು ಅವನು ಬರೆಯುತ್ತಾನೆ. ಉಪಮಾನ ಯಾವುದು, ಉಪಮೇಯ ಯಾವುದೆಂಬುದನ್ನು ಗಮನಿಸಬೇಕು. ಸಾಮಾನ್ಯನಾದ ಲೇಖಕನು ಯುದ್ಧವನ್ನು ವರ್ಣಿಸಲು ಬೇಟೆಯ ಉಪಮೆಯನ್ನು ತಂದಾನು. ಇಲ್ಲಿ ಬೇಟೆಯನ್ನು ವರ್ಣಿಸಲು ಯುದ್ಧವು ಉಪಮೆಯಾಗಿ ಬಂದಿದೆ.

ಇನ್ನೊಂದೆಡೆ ತನಗೂ ತಮ್ಮ ಲೋಥಾರನಿಗೂ ಇರುವ ಭೇದವನ್ನು ಹೇಳುತ್ತ ಅವನು ತಂದೆ ಮಾಡುತ್ತಿದ್ದ ಒಂದು ವಿಂಗಡಣೆಯನ್ನು ನೆನೆಯುತ್ತಾನೆ. ಬೇಟೆಯ ನಿಯಮವನ್ನರಿತ ಬೇಟೆಗಾರ ಒಬ್ಬ. ಸುಮ್ಮನೆ ಗುಂಡು ಹಾರಿಸುವ ಸಂತೋಷಕ್ಕಾಗಿ ಹೊಡೆಯುವವನು ಇನ್ನೊಬ್ಬ. ತಾನು ಮೊದಲನೆಯ ವರ್ಗದವನು. ಒಬ್ಬ ಇಂಗ್ಲಿಷನನ್ನು ಕೆಡಹಿದರೆ ತನ್ನ ಬೇಟೆಯ ಹಸಿವು ಕಾಲು ಗಂಟೆ ತಣಿಯುತ್ತದೆ. ಎಷ್ಟೋ ಕಾಲದ ಅನಂತರ ತನ್ನನ್ನು ತಾನೇ ಒತ್ತಾಯಪಡಿಸಿಕೊಂಡು ಎರಡನೆಯ ವರ್ಗಕ್ಕೆ ತರಬೇತುಗೊಳಿಸಿಕೊಂಡೆ—ಇದು ಆ ಮಾತಿನ ತಾತ್ಪರ್ಯ. ಯುದ್ಧ ಇನ್ನೂ ನಡೆಯುತ್ತಿದ್ದಾಗಲೇ, 1918ರಲ್ಲಿ, ಈ ಪುಸ್ತಕವು ಇಂಗ್ಲಿಷಿಗೆ ಬಂದಿತಷ್ಟೆ. ಭಾಷಾಂತರಕಾರನು ಎರಡನೆಯ ಪದವನ್ನು ‘ಕಟುಕ’ನೆಂಬರ್ಥದ ಮಾತಿನಿಂದ ಅನುವಾದಿಸಿದನು. ಮೂಲದ ‘ಷೀಸರ್’ ಎಂಬುದಕ್ಕೆ ‘ಗುಂಡು ಹೊಡೆಯುವವನು’ ಎಂದಷ್ಟೇ ಅರ್ಥ. ಶತ್ರುವಿನ ಭಾಷೆಯಲ್ಲಿ ಅದಕ್ಕೆ ರಕ್ತದ ಬಣ್ಣ ಬಂದಿತು. ಆದರೆ ಈ ತಪ್ಪನ್ನು ತಿದ್ದಿದರೂ ವಾಕ್ಯದ ಚಳಿ ಕಡಮೆಯಾಗುವುದಿಲ್ಲ. ಕೊಲ್ಲುವುದರಲ್ಲಿನ ಸಂಯಮವು ಇಲ್ಲಿ ನೀತಿಯಿಂದ ಹುಟ್ಟಿದುದಲ್ಲ, ತೃಪ್ತಿಯಿಂದ ಹುಟ್ಟಿದುದು. ಆ ಸಂಯಮವನ್ನೂ ಅವನು ಪ್ರಯತ್ನಪೂರ್ವಕವಾಗಿ ಕಳೆದುಕೊಂಡ.

ಪುಸ್ತಕದಲ್ಲಿ ವೀರವು ಮೂಡುವಂತೆ ತೋರುವ ಪ್ರಸಂಗವೊಂದಿದೆ. 1916ರ ನವೆಂಬರ್ 23ರಂದು ಇಂಗ್ಲಿಷರ ಪ್ರಖ್ಯಾತ ವೈಮಾನಿಕ ಲೆನೋ ಹಾಕರನೊಡನೆ ನಡೆದ ಕಾಳಗ ಅದು. ಇಬ್ಬರೂ ಒಬ್ಬರನ್ನೊಬ್ಬರು ಹಿಂದಿನಿಂದ ಹಿಡಿಯಲು ಹವಣಿಸುತ್ತ ವೃತ್ತದ ಮೇಲೆ ವೃತ್ತ ಸುತ್ತಿ ಕೆಳಕೆಳಗಿಳಿಯುತ್ತಾರೆ. ಎದುರಾಳಿಯು ನಡುವೆ ಕೈಬೀಸಿ ವಿನೋದವಾಡುತ್ತಾನೆ. ಗಾಳಿಯು ಅವನನ್ನು ಜರ್ಮನ್ ಪಾಳೆಯದ ಮೇಲಕ್ಕೆ ತಳ್ಳುತ್ತಿದೆ. ಇಂಗ್ಲಿಷನ ವಿಮಾನ ವೇಗದಲ್ಲಿ ಹಿಂದು, ಅದಕ್ಕೆ ಒಂದೇ ಗನ್ನು. ಜರ್ಮನ್ನನ ಆಲ್ಬಟ್ರಾಸಿಗೆ ಎರಡು. ತನ್ನ ಪಾಳೆಯಕ್ಕೆ ಮರಳಲೇಬೇಕಾದ ಹಾಕರ್ ಕೊನೆಗೆ ವೃತ್ತವನ್ನು ಬಿಟ್ಟು ಓಡಿದಾಗ ತಲೆಗೆ ಗುಂಡು ತಗುಲಿ ಬೀಳುತ್ತಾನೆ. ಇಷ್ಟರವರೆಗೆ ನಿರೂಪಣೆ ನಿಜವಾಗಿಯೂ ಎತ್ತರದಲ್ಲಿದೆ. ಆದರೆ ಲೇಖಕನು ಪ್ರಸಂಗವನ್ನು ಮುಗಿಸುವುದು ಎದುರಾಳಿಯ ಸ್ತುತಿಯಿಂದಲ್ಲ. ನೆಲದಲ್ಲಿ ಹೂತುಹೋಗಿದ್ದ ಅವನ ಮೆಷಿನ್‌ಗನ್ನನ್ನು ಅಗೆದು ತೆಗೆಸಿ ತನ್ನ ಬಾಗಿಲ ಮೇಲೆ ಅಲಂಕಾರಕ್ಕೆ ಇಡಿಸಿದುದನ್ನು ಹೇಳಿ ಮುಗಿಸುತ್ತಾನೆ. ಜಿಂಕೆಯ ಕೊಂಬನ್ನು ಗೋಡೆಗೆ ನೆಡುವಂತೆ. ಪ್ರತಿ ಜಯಕ್ಕೂ ಬರ್ಲಿನ್ನಿನ ಒಡವೆ ವ್ಯಾಪಾರಿಯಿಂದ ತಾರೀಖು ಕೆತ್ತಿಸಿದ ಬೆಳ್ಳಿಯ ಬಟ್ಟಲನ್ನು ತರಿಸುತ್ತಿದ್ದುದು, ಬೆಳ್ಳಿಯ ಅಭಾವದಿಂದ 60ಕ್ಕೆ ಅದು ನಿಂತುಹೋದುದು ಇದೇ ಮನೋಧರ್ಮಕ್ಕೆ ಸೇರಿದ ಸಂಗತಿ.

ಇಲ್ಲಿ ಆಕ್ಷೇಪವೊಂದು ಬರಬಹುದು. ತನ್ನ ಮೊದಲ ಬಲಿಯಾದ ಇಂಗ್ಲಿಷರ ಗೋರಿಯ ಮೇಲೆ ಅವನು ಗೌರವದಿಂದ ಕಲ್ಲನ್ನಿಡಿಸಿದುದು ಅದೇ ಪುಸ್ತಕದಲ್ಲಿಲ್ಲವೆ? ಇದೆ. ಸೌಜನ್ಯವಿರಲಿಲ್ಲವೆಂಬುದು ನಮ್ಮ ವಾದವಲ್ಲ. ಒಳ್ಳೆಯ ಬೇಟೆಗಾರನಲ್ಲಿಯೂ ಸೌಜನ್ಯವಿರುತ್ತದೆ. ದ್ವಂದ್ವಯುದ್ಧದ ಕಲ್ಪನೆ ಮಾತ್ರ ಇಲ್ಲಿಗೆ ಒಗ್ಗುವುದಿಲ್ಲ. ಬೋಲ್ಕೆ ಕಲಿಸಿದ್ದು ಸೂರ್ಯನನ್ನು ಬೆನ್ನಿಗಿಟ್ಟುಕೊಂಡು, ಆದಷ್ಟು ಹಿಂದಿನಿಂದ, ತೀರ ಹತ್ತಿರಕ್ಕೆ ಬಂದ ಮೇಲೆ ಹೊಡೆಯುವುದನ್ನು. ರಿಖ್ಟ್‌ಹೋಫೆನ್ ಬೀಳಿಸಿದ ವಿಮಾನಗಳಲ್ಲಿ ದೊಡ್ಡ ಪಾಲು, ಫಿರಂಗಿಗಳಿಗೆ ಗುರಿ ತೋರಿಸುತ್ತಲೋ ಛಾಯಾಚಿತ್ರ ತೆಗೆಯುತ್ತಲೋ ನಿಧಾನವಾಗಿ ಸುತ್ತುತ್ತಿದ್ದ ಇಬ್ಬರಾಳಿನ ವಿಮಾನಗಳು. ಸೈನಿಕ ದೃಷ್ಟಿಯಿಂದ ಅದೇ ಸರಿ. ಅವನು ಮಹಾ ಸೇನಾನಿಯಾದುದು ಆ ವಿವೇಕದಿಂದಲೇ. ಆಕಾಶದಲ್ಲಿ ಲಾಗ ಹಾಕುವ ಕೌಶಲವನ್ನು ಅವನು ಅನವಶ್ಯಕವೆಂದೇ ಎಣಿಸುತ್ತಿದ್ದನು. ಐತಿಹ್ಯವು ಅವನನ್ನು ಮೂರು ರೆಕ್ಕೆಯ ಕೆಂಪು ಫೋಕರಿನಲ್ಲಿಯೇ ಕೂರಿಸುತ್ತದೆ. ಅವನ 80 ಜಯಗಳಲ್ಲಿ ಆ ಬಗೆಯ ವಿಮಾನದಿಂದ ದೊರೆತವು 20 ಕೂಡ ಇಲ್ಲ.

ಹಾಗಾದರೆ ರಾವುತನು ಎಲ್ಲಿಂದ ಬಂದ? ನೆಲದಿಂದ ಬಂದನೆನ್ನಬೇಕು. 1916ರ ಜುಲೈ 1ರಂದು ಸೋಮ್ ರಣರಂಗದಲ್ಲಿ ಒಂದೇ ದಿನ ಬ್ರಿಟಿಷರ 19,000ಕ್ಕೂ ಹೆಚ್ಚು ಮಂದಿ ಸತ್ತರು. ಅಂಥ ಸಾವಿಗೆ ಹೆಸರಿರಲಿಲ್ಲ, ಮುಖವಿರಲಿಲ್ಲ, ಕಥೆಯಿರಲಿಲ್ಲ. ಆಕಾಶದಲ್ಲಿ ಒಬ್ಬನಿಗೆದುರಾಗಿ ಒಬ್ಬ, ಇಬ್ಬರಿಗೂ ಹೆಸರು, ವಿಮಾನಕ್ಕೊಂದು ಬಣ್ಣ. ಕಥೆಯಿಲ್ಲದ ಜನರಿಗೆ ಕಥೆ ಅಲ್ಲಿ ಸಿಕ್ಕಿತು. ಸರ್ಕಾರವು ಜಯಗಳ ಲೆಕ್ಕವನ್ನು ಪ್ರಕಟಿಸಿತು. ಬರ್ಲಿನ್ನಿನ ಸಾಂಕೆ ಎಂಬ ಪ್ರಕಾಶಕನು ವೈಮಾನಿಕರ ಚಿತ್ರವಿದ್ದ ಅಂಚೆಕಾರ್ಡುಗಳನ್ನು ಮಾರಿದನು. ಯುದ್ಧಾನಂತರ, 1927ರಲ್ಲಿ, ಅಮೆರಿಕದ ಪತ್ರಕರ್ತ ಫ್ಲಾಯ್ಡ್ ಗಿಬ್ಬನ್ಸನು ಬರೆದ ಜೀವನಚರಿತ್ರೆಯು ತನ್ನ ಶೀರ್ಷಿಕೆಯಲ್ಲಿಯೇ ಅವನನ್ನು ‘ಜರ್ಮನಿಯ ಕೆಂಪು ರಾವುತ’ನೆಂದು ಸಾರಿತು. ಗೆದ್ದವರಿಗೂ ಸೋತವರಿಗೂ ಈ ಹೆಸರು ಅನುಕೂಲವಾಗಿಯೇ ಇದ್ದಿತು.

ಇಷ್ಟೇ ಆಗಿದ್ದರೆ ಆ ಪುಸ್ತಕವನ್ನು ಮನಶ್ಶಾಸ್ತ್ರದ ಒಂದು ದಾಖಲೆಯೆಂದು ಬದಿಗಿಡಬಹುದಾಗಿತ್ತು. ಅದಕ್ಕೆ ಸಾಹಿತ್ಯದ ಬೆಲೆ ಬರುವುದು, ನನ್ನ ಅಭಿಪ್ರಾಯದಲ್ಲಿ, ಅನಂತರ ಸೇರಿದ ಕೆಲವೇ ಪುಟಗಳಿಂದ. 1917ರ ಜುಲೈ 6ರಂದು ಅವನ ತಲೆಗೆ ಗುಂಡು ತಗುಲಿತು. ಕ್ಷಣಕಾಲ ಕಣ್ಣು ಕಾಣದೆ, ಕೈಕಾಲಾಡದೆ ಬೀಳುತ್ತಿದ್ದವನು ಹೇಗೋ ನೆಲ ಮುಟ್ಟಿ ಬದುಕಿದನು. ಗಾಯವು ಪೂರ್ತಿ ಮಾಯಲೇ ಇಲ್ಲ. ರಜೆಯಲ್ಲಿ ಮನೆಗೆ ಬಂದ ಮಗನು ಬೇರೆಯೇ ಮನುಷ್ಯನಾಗಿದ್ದನೆಂದು ತಾಯಿ 1937ರಲ್ಲಿ ಪ್ರಕಟಿಸಿದ ದಿನಚರಿಯಿಂದ ವಿದಿತವಾಗುತ್ತದೆ. ಈ ಕಾಲದಲ್ಲಿ ಅವನು ಬರೆದನೆನ್ನಲಾಗುವ ‘ನೆಲಮನೆಯಲ್ಲಿನ ಯೋಚನೆಗಳು’ ಎಂಬ ಚಿಕ್ಕ ಬರಹವೊಂದಿದೆ. ಅದು ಪೂರ್ತಿಯಾಗಿ ಅವನದೇ ಹೌದೆ ಎಂದು ಶಂಕಿಸುವ ವಿದ್ವಾಂಸರುಂಟು. ಬಂಧುಗಳ ಕೈಯಿಂದ ಹೊರಬಂದ ಬರಹವಾದ್ದರಿಂದ ಆ ಶಂಕೆ ನಿರಾಧಾರವಲ್ಲ. ಆದರೆ ವೀರನನ್ನು ಮೆರೆಯಿಸಲೆಂದು ಯಾರಾದರೂ ಅದನ್ನು ಕಟ್ಟಿದ್ದರೆ ಅದು ಆ ರೀತಿ ಇರುತ್ತಿರಲಿಲ್ಲ.

ನೆಲದಡಿಯ ಆಶ್ರಯವೊಂದರಲ್ಲಿ ಅವನು ಮಲಗಿದ್ದಾನೆ. ಮಾಡಿನಿಂದ ತೂಗುತ್ತಿರುವ ದೀಪವು ತಾನೇ ಕೆಡಹಿದ ವಿಮಾನದ ಎಂಜಿನ್ನಿನಿಂದ ಮಾಡಿಸಿದುದು. ರಾತ್ರಿ ಅದರ ಬೆಳಕು ಪ್ರೇತದಂತೆ ಕಾಣುತ್ತದೆ. ಆ ಬೆಳಕಿನಲ್ಲಿ ಮಲಗಿ, ತನ್ನ ಪುಸ್ತಕವನ್ನು ಓದಿದಾಗ ತನ್ನ ಉದ್ಧಟತನಕ್ಕೆ ತನಗೇ ನಗು ಬರುತ್ತದೆ, ಈಗ ಆ ಮನಸ್ಸು ತನಗುಳಿದಿಲ್ಲ, ಪ್ರತಿ ಕಾಳಗದ ಅನಂತರವೂ ತಾನು ಕುಗ್ಗಿಹೋಗುತ್ತೇನೆ ಎನ್ನುತ್ತಾನೆ. ಮೇಲಧಿಕಾರಿಗಳು ಹಾರಾಟ ಬಿಡುವಂತೆ ಸೂಚಿಸಿದರೂ, ಕಂದಕದಲ್ಲಿನ ಬಡ ಸಿಪಾಯಿಗಿಲ್ಲದ ವಿನಾಯಿತಿ ತನಗೇಕೆಂದು ಒಪ್ಪುವುದಿಲ್ಲ. ಕಂದಕದ ಆ ಸಿಪಾಯಿಯನ್ನು ಅವನು ತನ್ನ ಸರಿಸಮನಾಗಿ ಕಾಣುವುದು ಇಲ್ಲಿಯೇ. ಬಾಗಿಲ ಮೇಲಿನ ಮೆಷಿನ್‌ಗನ್ನಿಗೂ ಮಾಡಿನ ಈ ದೀಪಕ್ಕೂ ನಡುವೆ ಒಂದೆರಡು ವರ್ಷಗಳಷ್ಟೇ ಅಂತರ. ಎರಡೂ ಬೇಟೆಯ ಗುರುತುಗಳೇ. ಮೊದಲನೆಯದು ಅವನ ಮನೆಗೆ ಅಲಂಕಾರವಾಗಿತ್ತು. ಎರಡನೆಯದರ ಕೆಳಗೆ ಅವನಿಗೆ ನಿದ್ರೆ ಬರುತ್ತಿಲ್ಲ.

1918ರ ಏಪ್ರಿಲ್ 21ರಂದು ಸೋಮ್ ನದಿಯ ಬಳಿ, ಪಲಾಯನ ಮಾಡುತ್ತಿದ್ದ ತರುಣ ವೈಮಾನಿಕನೊಬ್ಬನನ್ನು ತೀರ ಕೆಳಮಟ್ಟದಲ್ಲಿ ಬೆನ್ನಟ್ಟಿ ಹೋಗುತ್ತಿದ್ದಾಗ ಒಂದೇ ಗುಂಡಿಗೆ ಅವನು ಸತ್ತನು. ಅವನನ್ನು ಹಿಂದಿನಿಂದ ಹೊಡೆದ ಕೆನಡಾದ ರಾಯ್ ಬ್ರೌನನಿಗೆ ಆ ಕೀರ್ತಿ ಅಧಿಕೃತವಾಗಿ ಸಂದಿತು. ಈಚಿನ ಅಧ್ಯಯನಗಳು ಹೆಚ್ಚಾಗಿ ನೆಲದ ಮೇಲಿದ್ದ ಆಸ್ಟ್ರೇಲಿಯನ್ ಗನ್ನುಗಾರರ ಕಡೆಗೆ ಒಲಿದಿವೆ. ಈ ವಿವಾದಕ್ಕೆ ಮೀಸಲಾದ ಕಾಗದದಲ್ಲಿ ಹತ್ತರಲ್ಲೊಂದು ಪಾಲೂ ಅವನ ಪುಸ್ತಕಕ್ಕೆ ಮೀಸಲಾಗಲಿಲ್ಲ. ಮರುದಿನ ಶತ್ರುಗಳೇ ಬೆರ್ಟಾಂಗ್ಲ್ ಎಂಬ ಹಳ್ಳಿಯಲ್ಲಿ ಸೈನಿಕ ಮರ್ಯಾದೆಯೊಡನೆ ಅವನನ್ನು ಹೂಳಿದರು; ಅಷ್ಟರೊಳಗೆ ಅವನ ವಿಮಾನವನ್ನು ನೆನಪಿನ ಚೂರುಗಳಿಗಾಗಿ ಸೈನಿಕರು ಹರಿದು ಹಂಚಿಕೊಂಡಿದ್ದರು.

1933ರಲ್ಲಿ, ನಾತ್ಸಿಗಳು ಅಧಿಕಾರಕ್ಕೆ ಬಂದ ವರ್ಷವೇ, ಉಲ್‌ಷ್ಟೈನ್ ಪ್ರಕಾಶನವು ಪುಸ್ತಕದ ಹೊಸ ಆವೃತ್ತಿಯನ್ನು ತಂದಿತು. ಮುನ್ನುಡಿ ಬರೆದವನು ಹರ್ಮನ್ ಗೋರಿಂಗ್. 1918ರ ಜುಲೈಯಲ್ಲಿ ರಿಖ್ಟ್‌ಹೋಫೆನ್ನನ ಪಡೆಯ ನಾಯಕತ್ವ ಅವನ ಕೈಗೆ ಬಂದಿತ್ತು. ನೆಲಮನೆಯ ಯೋಚನೆಗಳು ಅಚ್ಚಾಗಿರುವುದೂ ಅದೇ ರಟ್ಟುಗಳ ನಡುವೆ, ಪುಸ್ತಕದ ಕೊನೆಯ ಕಡೆ.