ಮಿತಾಕ್ಷರೆಯೂ ಮಗಳ ಪಾಲೂ

ಒಟ್ಟುಕುಟುಂಬಗಳು ಒಡೆದುಹೋದುದಕ್ಕೆ ಸರಕಾರದ ಕಾಯಿದೆಗಳೇ ಕಾರಣವೆಂಬ ಮಾತು ಹಳೆಯದು. ಹಿಂದೂ ಕೋಡಿನ ಚರ್ಚೆ ನಡೆದ ಕಾಲದಲ್ಲಿ ಇದೇ ಆಕ್ಷೇಪವು ಎದ್ದಿತ್ತು; ೨೦೦೫ರಲ್ಲಿ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳ ಸಮಾನವಾದ ಹಕ್ಕು ದೊರೆತ ಮೇಲೆ ಅದು ಮತ್ತೆ ತಲೆಯೆತ್ತಿತು. ಹೀಗೆ ಆಕ್ಷೇಪಿಸುವವರು ಸಾಮಾನ್ಯವಾಗಿ ಎರಡು ಮಾತುಗಳನ್ನು ಆಡುತ್ತಾರೆ. ಶಾಸ್ತ್ರವು ಮನೆಯನ್ನು ಒಂದಾಗಿರಿಸಿತ್ತು, ಕಾಯಿದೆಯು ಒಡೆಯಿತು ಎಂಬುದೊಂದು. ಶಾಸ್ತ್ರದಲ್ಲಿ ಹೆಣ್ಣಿಗೆ ಪಾಲೇ ಇಲ್ಲವೆಂಬುದು ಇನ್ನೊಂದು. ಯಾವ ಶಾಸ್ತ್ರವೆಂದು ಕೇಳಿದರೆ ಮಿತಾಕ್ಷರೆಯೆಂಬ ಉತ್ತರವು ತಡವಿಲ್ಲದೆ ಬರುತ್ತದೆ. ಗ್ರಂಥದ ಹೆಸರನ್ನು ಹೇಳುವವರಲ್ಲಿ ಗ್ರಂಥವನ್ನು ತೆರೆದವರು ಎಷ್ಟು ಮಂದಿಯೆಂಬುದು ಬೇರೆಯ ಪ್ರಶ್ನೆ.

ಮಿತಾಕ್ಷರೆಯು ಕನ್ನಡಿಗರಿಗೆ ದೂರದ ಗ್ರಂಥವಲ್ಲ. ಚಾಲುಕ್ಯ ಆರನೆಯ ವಿಕ್ರಮಾದಿತ್ಯನು ಆಳುತ್ತಿದ್ದಾಗ (೧೦೭೬–೧೧೨೬) ಕಲ್ಯಾಣ ಪಟ್ಟಣದಲ್ಲಿ, ಎಂದರೆ ಈಗಿನ ಬೀದರ ಜಿಲ್ಲೆಯ ಬಸವಕಲ್ಯಾಣದಲ್ಲಿ, ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಬರೆದ ವ್ಯಾಖ್ಯಾನವಿದು. ಗ್ರಂಥದ ಕೊನೆಯಲ್ಲಿ ಅವನು ತನ್ನ ಊರನ್ನೂ ಅರಸನನ್ನೂ ತನ್ನನ್ನೂ ಸಂಕೋಚವಿಲ್ಲದೆ ಹೊಗಳಿಕೊಂಡಿದ್ದಾನೆ. ಆದರೆ ಮೊದಲಲ್ಲಿ ಅವನಾಡುವ ಮಾತು ವಿನಯದ್ದು: ವಿಶ್ವರೂಪನ ಕಠಿನವಾದ ಮಾತುಗಳಿಂದ ವಿಸ್ತರಿಸಲ್ಪಟ್ಟ ಧರ್ಮಶಾಸ್ತ್ರವನ್ನು ಬಾಲಕರಿಗೂ ತಿಳಿಯುವಂತೆ ನೇರವಾದ, ಅಳತೆಯುಳ್ಳ ಅಕ್ಷರಗಳಿಂದ ವಿವರಿಸುವೆನೆಂದು. ಈ ಪ್ರತಿಜ್ಞೆಯನ್ನು ಅವನು ಬಹುಮಟ್ಟಿಗೆ ನೆರವೇರಿಸಿದ್ದಾನೆ. ಎದುರು ಪಕ್ಷವನ್ನು ಬಲವಾಗಿಯೇ ನಿಲ್ಲಿಸಿ, ಬಳಿಕ ಒಂದೊಂದೇ ಎಳೆಯನ್ನು ಬಿಡಿಸುತ್ತಾನೆ. ವಾದದ ಶಾಖೆಗಳು ಹೆಚ್ಚಿದಲ್ಲಿ ಮಾತ್ರ ಬಾಲಕರ ನೆನಪು ತಪ್ಪುತ್ತದೆ.

ಈ ಗ್ರಂಥದ ದಾಯವಿಭಾಗ ಪ್ರಕರಣವನ್ನು ಓದಿದವರಿಗೆ ಮೊದಲು ಕಾಣುವುದೇ ಇದು ಮನೆಯನ್ನು ಒಂದಾಗಿಡುವ ಗ್ರಂಥವಲ್ಲ, ಪಾಲುಮಾಡುವ ಗ್ರಂಥವೆಂಬುದು. ದಾಯವೆಂದರೆ ಒಡೆಯನೊಡನೆ ಇರುವ ಸಂಬಂಧಮಾತ್ರದಿಂದ ಇನ್ನೊಬ್ಬನ ಸ್ವತ್ತಾಗುವ ಧನ. ಮಗನಿಗೂ ಮೊಮ್ಮಗನಿಗೂ ಈ ಸ್ವತ್ವವು ಹುಟ್ಟಿನಿಂದಲೇ ಬರುತ್ತದೆ, ತಂದೆಯ ಮರಣವನ್ನು ಕಾಯುವುದಿಲ್ಲ. ಬಂಗಾಳದ ಜೀಮೂತವಾಹನನು ತನ್ನ ದಾಯಭಾಗದಲ್ಲಿ ಇದನ್ನು ಒಪ್ಪಲಿಲ್ಲ. ತಂದೆಯು ತೀರಿದ ಮೇಲೆಯೇ ಮಕ್ಕಳಿಗೆ ಒಡೆತನವೆಂದನು. ಹುಟ್ಟಿನಿಂದ ಒಡೆತನ ಬಂದ ಮೇಲೆ ಅದರ ಫಲವೂ ಬಂದೇ ಬರಬೇಕು: ತಾತನಿಂದ ಬಂದ ಆಸ್ತಿಯಲ್ಲಿ ತಂದೆಗೆ ಇಷ್ಟವಿಲ್ಲದಿದ್ದರೂ ಮಗನು ಪಾಲನ್ನು ಕೇಳಬಹುದೆಂದು ವಿಜ್ಞಾನೇಶ್ವರನೇ ಸ್ಪಷ್ಟವಾಗಿ ಹೇಳುತ್ತಾನೆ. ಹಾಗಾದರೆ ಅವಿಭಕ್ತ ಕುಟುಂಬವೆಂಬುದು ಮಿತಾಕ್ಷರೆಯ ದೃಷ್ಟಿಯಲ್ಲಿ ಒಂದು ವಿಧಿಯಲ್ಲ, ವಿಭಾಗವು ಇನ್ನೂ ನಡೆಯದಿರುವ ಒಂದು ಅವಸ್ಥೆ. ಒಡಕಿನ ಬೀಜವು ತೊಟ್ಟಿಲಿನಲ್ಲಿಯೇ ಇದೆ.

ಕನ್ನಡದ ಕಾದಂಬರಿಕಾರರು ಇದನ್ನು ಪಂಡಿತರಿಗಿಂತ ಚೆನ್ನಾಗಿ ಕಂಡಿದ್ದಾರೆ. ೧೯೩೬ರಲ್ಲಿ ಹೊರಬಂದ ಕುವೆಂಪು ಅವರ ಕಾನೂರು ಹೆಗ್ಗಡಿತಿಯಲ್ಲಿ ಚಂದ್ರಯ್ಯಗೌಡರಿಗೂ ಅವರ ಅಣ್ಣನ ಮಗ ಹೂವಯ್ಯನಿಗೂ ಹಿಸ್ಸೆಯಾಗುವುದು ಯಾವ ಹೊಸ ಕಾಯಿದೆಯಿಂದಲೂ ಅಲ್ಲ. ಯಜಮಾನಿಕೆಯ ಗರ್ವದಿಂದ, ಸಂಶಯದಿಂದ, ಓದಿ ಬಂದ ಹುಡುಗನಿಗೂ ಹಳೆಯ ಮನೆಗೂ ಹೊಂದಿಕೆ ತಪ್ಪಿದುದರಿಂದ. ಆ ಹಿಸ್ಸೆಯು ಗಂಡಸರ ನಡುವಿನ ವ್ಯವಹಾರ. ನಿಜವಾಗಿ ಒಡೆಯಲಾಗದ ಮನೆಗಳು ಇದ್ದುದು ಘಟ್ಟದ ಕೆಳಗೆ, ದಕ್ಷಿಣ ಕನ್ನಡದ ಅಳಿಯಸಂತಾನದವರಲ್ಲಿ. ಅಲ್ಲಿ ಒಬ್ಬರ ಬೇಡಿಕೆಯ ಮೇಲೆ ಪಾಲಾಗುವಂತಿರಲಿಲ್ಲ. ೧೯೪೯ರ ಮದರಾಸು ಅಳಿಯಸಂತಾನ ಕಾಯಿದೆಯು ಅಲ್ಲಿಯೂ ವಿಭಾಗಕ್ಕೆ ದಾರಿಮಾಡಿತು. ಕಾಯಿದೆಯು ಮನೆಯನ್ನು ಒಡೆಯಿತೆಂಬ ದೂರು ಸಲ್ಲುವುದಾದರೆ ಅದು ಆ ತಾಯಿಮನೆಗಳವರ ಬಾಯಲ್ಲಿ ಸಲ್ಲೀತು. ಮಿತಾಕ್ಷರೆಯ ಮಕ್ಕಳ ಬಾಯಲ್ಲಿ ಅದು ಶೋಭಿಸುವುದಿಲ್ಲ.

ಇಷ್ಟು ಹೇಳಿದ ಮೇಲೆ ಗ್ರಂಥದ ಅತ್ಯುತ್ತಮ ಭಾಗಕ್ಕೆ ಬರಬಹುದು. ಸ್ವತ್ವವೆಂಬುದು ಶಾಸ್ತ್ರದಿಂದ ಮಾತ್ರ ತಿಳಿಯತಕ್ಕದ್ದೋ, ಲೋಕದಿಂದ ತಿಳಿಯತಕ್ಕದ್ದೋ ಎಂಬ ಪ್ರಶ್ನೆಯನ್ನು ವಿಜ್ಞಾನೇಶ್ವರನು ದೀರ್ಘವಾಗಿ ಚರ್ಚಿಸಿದ್ದಾನೆ. ಅವನ ನಿರ್ಣಯವು ಲೌಕಿಕವೆಂದು. ಅದಕ್ಕೆ ಕೊಡುವ ಕಾರಣವು ಪಂಡಿತನೊಬ್ಬನಿಂದ ನಿರೀಕ್ಷಿಸತಕ್ಕುದಲ್ಲ: ಶಾಸ್ತ್ರದ ಗಂಧವೇ ಇಲ್ಲದ ಗಡಿನಾಡಿನ ಜನರಲ್ಲಿಯೂ ಕೊಳ್ಳುವುದು ಮಾರುವುದು ಮೊದಲಾದ ವ್ಯವಹಾರಗಳು ಕಾಣುತ್ತವೆ; ಇದು ನನ್ನದು, ಅದು ನಿನ್ನದು ಎಂಬುದು ಅವರಿಗೂ ಗೊತ್ತು; ಆದುದರಿಂದ ಒಡೆತನವು ವೇದವಿಧಿಯಿಂದ ಹುಟ್ಟಿದುದಲ್ಲ, ಜನರ ನಡವಳಿಕೆಯಿಂದ ಹುಟ್ಟಿದುದು. ಶಾಸ್ತ್ರವು ಲೋಕದಲ್ಲಿರುವುದನ್ನು ಅಡಕಗೊಳಿಸಿ ಹೇಳುತ್ತದೆ, ಅಷ್ಟೆ. ಈ ಒಂದು ವಾದವನ್ನು ಒಪ್ಪಿದವನು, ಲೋಕವು ಬದಲಾದರೆ ಪಾಲಿನ ನಿಯಮವೂ ಬದಲಾಗಬಹುದೆಂಬುದನ್ನು ಯಾವ ಮುಖದಿಂದ ಅಲ್ಲಗಳೆದಾನು? ಆಕ್ಷೇಪಿಸುವವರು ತಮ್ಮ ಕೋಟೆಯೆಂದು ಹೊಕ್ಕ ಗ್ರಂಥದ ಬಾಗಿಲಿಗೆ ಅಗುಳಿಯೇ ಇಲ್ಲ.

ಇನ್ನು ಹೆಣ್ಣಿನ ಪಾಲು. ತಂದೆಯು ತೀರಿದ ಮೇಲೆ ಪಾಲಾಗುವಾಗ ಮದುವೆಯಾಗದ ತಂಗಿಯರಿಗೆ ನಾಲ್ಕನೆಯ ಒಂದು ಭಾಗವನ್ನು ಕೊಟ್ಟು ಸಂಸ್ಕಾರ ಮಾಡತಕ್ಕದ್ದೆಂದು ಯಾಜ್ಞವಲ್ಕ್ಯನು ವಿಧಿಸಿದ್ದಾನೆ. ಇದಕ್ಕೆ ಭಾರುಚಿಯೆಂಬ ಹಳೆಯ ವ್ಯಾಖ್ಯಾನಕಾರನು ಮಾಡಿದ ಅರ್ಥವು ಮದುವೆಯ ಖರ್ಚಿಗೆ ಸಾಲುವಷ್ಟು ಹಣವೆಂದು. ವಿಜ್ಞಾನೇಶ್ವರನು ಭಾರುಚಿಯ ಹೆಸರನ್ನೆತ್ತಿಯೇ ಅದನ್ನು ತಳ್ಳಿಹಾಕಿ, ಅಸಹಾಯ ಮೇಧಾತಿಥಿ ಮೊದಲಾದವರ ವ್ಯಾಖ್ಯಾನವೇ ಸರಿಯೆಂದು ತೀರ್ಮಾನಿಸುತ್ತಾನೆ. ನಾಲ್ಕನೆಯ ಭಾಗವೆಂದರೆ ನಾಲ್ಕನೆಯ ಭಾಗವೇ. ತಂದೆಯ ತರುವಾಯ ಹೆಣ್ಣುಮಕ್ಕಳೂ ಅಂಶಕ್ಕೆ ಬಾಧ್ಯರು. ಓದುವವನಿಗೆ ಸಂದೇಹವುಳಿಯದಂತೆ ಅವನು ಲೆಕ್ಕವನ್ನೂ ಮಾಡಿ ತೋರಿಸುತ್ತಾನೆ. ಒಬ್ಬ ಮಗ, ಒಬ್ಬ ಮಗಳು ಇದ್ದರೆ ಆಸ್ತಿಯನ್ನು ಎರಡು ಮಾಡಿ, ಅದರಲ್ಲೊಂದನ್ನು ನಾಲ್ಕು ಮಾಡಿ, ಒಂದು ಕಾಲನ್ನು ಹುಡುಗಿಗೆ ಕೊಟ್ಟು ಉಳಿದುದನ್ನು ಮಗನು ತೆಗೆದುಕೊಳ್ಳತಕ್ಕದ್ದು. ಎರಡು ಗಂಡು, ಒಂದು ಹೆಣ್ಣಾದರೆ ಮೂರು ಮಾಡಿ, ಒಂದನ್ನು ನಾಲ್ಕಾಗಿಸಿ ಹಂಚತಕ್ಕದ್ದು. ಸುಮಾರು ಒಂಬೈನೂರು ವರ್ಷಗಳ ಹಿಂದೆ ಕಲ್ಯಾಣದಲ್ಲಿ ಕುಳಿತು ಒಬ್ಬ ವಿದ್ವಾಂಸನು ಹುಡುಗಿಯ ಪಾಲಿಗಾಗಿ ಭಿನ್ನರಾಶಿಯ ಲೆಕ್ಕ ಮಾಡಿದನೆಂಬುದು ನೆನೆಯತಕ್ಕ ಸಂಗತಿ.

ಆದರೆ ದೇಶವು ಅನುಸರಿಸಿದ್ದು ಯಾರನ್ನು? ಭಾರುಚಿಯನ್ನು. ಮದುವೆ ಮಾಡಿಕೊಟ್ಟರೆ ಮಗಳ ಋಣ ತೀರಿತೆಂಬುದೇ ರೂಢಿಯಾಯಿತು. ವಿಭಾಗಕಾಲದಲ್ಲಿ ತಾಯಿಗೆ ಮಗನ ಸಮಾನವಾದ ಪಾಲೆಂದು ಮಿತಾಕ್ಷರೆಯಲ್ಲಿದ್ದರೂ ದಕ್ಷಿಣದಲ್ಲಿ ಆ ಪದ್ಧತಿಯು ತಪ್ಪಿಹೋಗಿ ಅವಳಿಗೆ ಜೀವನಾಂಶ ಮಾತ್ರ ಉಳಿಯಿತು. ಕೋಲ್‌ಬ್ರೂಕನು ೧೮೧೦ರಲ್ಲಿ ದಾಯಪ್ರಕರಣವನ್ನು ಮಾತ್ರ ಉಳಿದ ಗ್ರಂಥದಿಂದ ಬಿಡಿಸಿ ಇಂಗ್ಲಿಷಿಗೆ ತಿರುಗಿಸಿದ ಮೇಲೆ ನ್ಯಾಯಾಲಯಗಳು ಅದನ್ನು ಕಾಯಿದೆಯ ಪುಸ್ತಕದಂತೆ ಬಳಸತೊಡಗಿದುವು. ಅಲ್ಲಿಯೂ ಹೆಣ್ಣಿಗೆ ನಷ್ಟವೇ ಆಯಿತು. ಸ್ತ್ರೀಧನವೆಂದರೆ ಹೆಸರೇ ಹೇಳುವಂತೆ ಹೆಣ್ಣಿಗೆ ಸೇರಿದ ಧನ. ದಾಯವಾಗಿ ಬಂದುದೂ ಪಾಲಿನಲ್ಲಿ ಬಂದುದೂ ಅದರಲ್ಲಿ ಸೇರಿತೆಂದು ವಿಜ್ಞಾನೇಶ್ವರನು ಬರೆದಿರಲು, ಲಂಡನ್ನಿನ ಪ್ರಿವಿ ಕೌನ್ಸಿಲಿನವರು ೧೮೬೭ರಲ್ಲಿ ಗಂಡನಿಂದ ದಾಯವಾಗಿ ಬಂದುದು ಸ್ತ್ರೀಧನವಲ್ಲವೆಂದರು. ೧೯೧೨ರಲ್ಲಿ ಪಾಲಿನಿಂದ ಬಂದುದೂ ಅಲ್ಲವೆಂದರು. ಮಿತಾಕ್ಷರೆಯ ಹೆಸರಿನಲ್ಲಿಯೇ ಮಿತಾಕ್ಷರೆಯ ಮಾತು ಬಿದ್ದುಹೋಯಿತು.

ಹಾಗೆಂದು ವಿಜ್ಞಾನೇಶ್ವರನನ್ನು ಸ್ತ್ರೀಸ್ವಾತಂತ್ರ್ಯದ ಪ್ರವಾದಿಯನ್ನಾಗಿ ಮಾಡಿ ಮೆರೆಸುವುದೂ ತಪ್ಪಾದೀತು. ಎಲ್ಲವೂ ನಮ್ಮ ಶಾಸ್ತ್ರದಲ್ಲಿಯೇ ಇತ್ತೆಂಬ ಜಂಬವು ಏನೂ ಇರಲಿಲ್ಲವೆಂಬ ಅಜ್ಞಾನಕ್ಕಿಂತ ಮೇಲಲ್ಲ. ವಿಧವೆಯು ಗಂಡನ ಧನವನ್ನು ಪಡೆಯುವಳೆಂದು ಅವನು ಬಲವಾಗಿ ಸಾಧಿಸಿದ್ದಾನೆ. ಧನವಿರುವುದು ಯಜ್ಞಕ್ಕಾಗಿ, ಯಜ್ಞದಲ್ಲಿ ಅಧಿಕಾರವಿಲ್ಲದ ಸ್ತ್ರೀಗೆ ಧನವೇಕೆ ಎಂಬವರ ಬಾಯಿ ಮುಚ್ಚಿಸಿದ್ದಾನೆ. ಆದರೆ ಆ ಹಕ್ಕು ಪಾಲಾಗಿ ಬೇರೆಯಿದ್ದು ಮತ್ತೆ ಕೂಡದೆ ಸತ್ತವನ ಹೆಂಡತಿಗೆ ಮಾತ್ರ, ಅವಳೂ ಪತಿವ್ರತೆಯಾಗಿದ್ದರೆ. ಒಟ್ಟುಕುಟುಂಬದಲ್ಲಿದ್ದು ಗಂಡನನ್ನು ಕಳೆದುಕೊಂಡವಳಿಗೆ ಅನ್ನ ಬಟ್ಟೆಯಷ್ಟೆ. ಇದಕ್ಕಿಂತಲೂ ದೊಡ್ಡ ಅಸಂಗತಿ ಇನ್ನೊಂದುಂಟು. ವಿವಾಹಪ್ರಕರಣದಲ್ಲಿ ಸಪಿಂಡತೆಯನ್ನು ನಿರೂಪಿಸುವಾಗ ಅವನು ಪಿಂಡವೆಂದರೆ ಶ್ರಾದ್ಧದ ಅನ್ನವಲ್ಲ, ಶರೀರವೆಂದು ಹೇಳುತ್ತಾನೆ. ತಂದೆಯ ಶರೀರದ ಅಂಶವೂ ತಾಯಿಯ ಶರೀರದ ಅಂಶವೂ ಮಕ್ಕಳಲ್ಲಿ ಮುಂದುವರಿಯುವುದರಿಂದಲೇ ಬಂಧುತ್ವವೆನ್ನುತ್ತಾನೆ. ಶರೀರಾಂಶವು ಮಗನಲ್ಲಿ ಎಷ್ಟೋ ಮಗಳಲ್ಲಿಯೂ ಅಷ್ಟೇ ಅಲ್ಲವೆ? ಹುಟ್ಟಿನಿಂದ ಸ್ವತ್ವ ಬರುವುದಾದರೆ ಮಗಳೂ ಹುಟ್ಟಿದವಳೇ ಅಲ್ಲವೆ? ಅವಳಿಗೆ ಕಾಲುಭಾಗವೇಕೆ, ಅದೂ ಮದುವೆಯಾಗದಿದ್ದರೆ ಮಾತ್ರ ಏಕೆ ಎಂಬುದಕ್ಕೆ ವಚನವನ್ನುಳಿದು ಬೇರೆ ಯುಕ್ತಿಯನ್ನು ಅವನು ಕೊಡಲಾರ. ತನ್ನ ತರ್ಕದ ಕೊನೆಯ ಮೆಟ್ಟಿಲ ಮುಂದೆ ಅವನು ನಿಂತುಬಿಟ್ಟಿದ್ದಾನೆ.

ಆ ಮೆಟ್ಟಿಲನ್ನು ಹತ್ತಲು ಶಾಸನಕ್ಕೆ ಬಹುಕಾಲ ಹಿಡಿಯಿತು. ಮೈಸೂರಿನ ೧೯೩೩ರ ಕಾಯಿದೆಯು ಪಾಲಾಗುವಾಗ ಅವಿವಾಹಿತೆಯಾದ ಮಗಳಿಗೆ ಅಥವಾ ತಂಗಿಗೆ ಸೋದರನ ಪಾಲಿನ ಕಾಲುಭಾಗವನ್ನು ಗೊತ್ತುಮಾಡಿತು. ಬಿದ್ದುಹೋಗಿದ್ದ ಹಳೆಯ ಕಾಲುಭಾಗವೇ ಮತ್ತೆ ಎದ್ದುಬಂದಿತು! ತಾಯಿಗೆ ಮಾತ್ರ ಮಗನ ಪಾಲಿನ ಅರ್ಧವೆಂದು ಬರೆದು, ಸುಧಾರಕರು ಆ ಅಂಶದಲ್ಲಿ ವಿಜ್ಞಾನೇಶ್ವರನಿಗಿಂತ ಹಿಂದೆ ಉಳಿದರು. ೧೯೫೬ರ ಕಾಯಿದೆಯು ಗಂಡುಮಕ್ಕಳ ಹುಟ್ಟುಹಕ್ಕನ್ನು ಹಾಗೆಯೇ ಉಳಿಸಿ, ತಂದೆಯ ಪಾಲಿಗೆ ಬರುವಷ್ಟರಲ್ಲಿ ಮಗಳಿಗೂ ಭಾಗ ಕೊಟ್ಟಿತು. ವಾಸದ ಮನೆಯನ್ನು ಮಾತ್ರ ಗಂಡುಮಕ್ಕಳು ಪಾಲು ಮಾಡಿಕೊಳ್ಳುವವರೆಗೆ ಅವಳು ಪಾಲು ಕೇಳುವಂತಿರಲಿಲ್ಲ. ಕರ್ನಾಟಕದವರು ೧೯೯೪ರಲ್ಲಿ ಮಗಳಿಗೂ ಹುಟ್ಟುಹಕ್ಕನ್ನು ಕೊಟ್ಟರು. ಆದರೆ ಅದಕ್ಕೆ ಮುಂಚೆ ಮದುವೆಯಾದವರನ್ನು ಹೊರಗಿಟ್ಟರು. ಅಲ್ಲಿಯೂ ಮದುವೆಯ ಆ ಹಳೆಯ ಗೆರೆ ಅಳಿಸಲಿಲ್ಲ. ೨೦೦೫ರ ತಿದ್ದುಪಡಿಯು ಆ ಗೆರೆಯನ್ನೂ ವಾಸದ ಮನೆಯ ತಡೆಯನ್ನೂ ತೆಗೆದುಹಾಕಿತು. ಆ ತಿದ್ದುಪಡಿಯ ದಿನ ತಂದೆಯು ಬದುಕಿರಬೇಕೆಂಬ ನಿರ್ಬಂಧವಿಲ್ಲವೆಂದು ೨೦೨೦ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ತಾಯಿಯು ಮೊದಲೇ ತೀರಿ, ಈಗ ತಂದೆಯೂ ತೀರಿ, ಒಬ್ಬ ಮಗನೂ ಒಬ್ಬ ಮಗಳೂ ಉಳಿದಿರುವ ಮನೆಯನ್ನು ಭಾವಿಸಿಕೊಂಡರೆ, ಪಿತ್ರಾರ್ಜಿತದಲ್ಲಿ ಮಗಳಿಗೆ ಮಿತಾಕ್ಷರೆಯಲ್ಲಿ ಎಂಟನೆಯ ಒಂದು ಭಾಗ, ೧೯೫೬ರಲ್ಲಿ ನಾಲ್ಕನೆಯ ಒಂದು, ೨೦೦೫ರ ಮೇಲೆ ಅರ್ಧ.

ಮನೆಗಳು ಒಡೆದುದು ಈ ಭಿನ್ನರಾಶಿಗಳಿಂದಲ್ಲ. ಮಗನು ಓದಿ ಪರಸ್ಥಳದಲ್ಲಿ ಸಂಬಳಕ್ಕೆ ಸೇರಿದ ದಿನವೇ ಒಲೆಗಳು ಎರಡಾದುವು. ಐ.ಸಿ.ಎಸ್. ಅಧಿಕಾರಿಯೊಬ್ಬನ ಸಂಪಾದನೆಯು ಕುಟುಂಬದ ಖರ್ಚಿನಿಂದ ಕಲಿತ ವಿದ್ಯೆಯ ಫಲವಾದುದರಿಂದ ಒಟ್ಟು ಆಸ್ತಿಯೇ ಎಂದು ೧೯೨೧ರಲ್ಲಿ ಪ್ರಿವಿ ಕೌನ್ಸಿಲು ಹೇಳಲು, ೧೯೩೦ರಲ್ಲಿ ವಿದ್ಯಾರ್ಜಿತ ಧನದ ಕಾಯಿದೆಯು ಹುಟ್ಟಿ ಅಂಥ ಸಂಪಾದನೆಯನ್ನು ಓದಿದವನ ಸ್ವಂತದ್ದನ್ನಾಗಿ ಮಾಡಿತು. ಓದಿದ ಗಂಡುಮಕ್ಕಳಿಗೆ ಅನುಕೂಲವಾದ ಈ ಕಾಯಿದೆಯು ಕುಟುಂಬವನ್ನು ಒಡೆಯಿತೆಂದು ಯಾರೂ ಗೋಳಾಡುವುದನ್ನು ಕೇಳಿಲ್ಲ. ಮಗಳ ಪಾಲಿನ ಮಾತು ಬಂದಾಗ ಮಾತ್ರ ಮನೆತನದ ಚಿಂತೆ ಹುಟ್ಟುತ್ತದೆ. ತಂದೆತಾಯಿಗಳನ್ನು ನೋಡಿಕೊಳ್ಳುವ ಭಾರವಾದರೋ, ೨೦೦೭ರಲ್ಲಿ ವೃದ್ಧರ ಪೋಷಣೆಗಾಗಿ ಕಾಯಿದೆ ಮಾಡಬೇಕಾಗಿ ಬಂದಾಗ, ಮಗ ಮಗಳೆಂಬ ಭೇದವಿಲ್ಲದೆ ಇಬ್ಬರ ಮೇಲೂ ಬಿದ್ದಿದೆ.

ಕಾಯಿದೆಯ ಕೈಯೂ ಎಲ್ಲಿಯವರೆಗೆ ಚಾಚೀತು? ಹಕ್ಕು ಹುಟ್ಟಿನಿಂದ ಬಂದರೂ ಬಿಡುಗಡೆಯ ಪತ್ರದಿಂದ ಹೋಗುತ್ತದೆ. ಅಣ್ಣತಮ್ಮಂದಿರ ಪಾಲುಪಟ್ಟಿಗೆ ಮುಂಚೆ ಅಕ್ಕತಂಗಿಯರನ್ನು ಹಬ್ಬಕ್ಕೆ ಕರೆದಷ್ಟೇ ಪ್ರೀತಿಯಿಂದ ಕರೆಸಿ, ಅರಿಸಿನ ಕುಂಕುಮಕ್ಕೆಂದು ಸೀರೆಯನ್ನೋ ಸ್ವಲ್ಪ ಹಣವನ್ನೋ ಕೊಟ್ಟು, ಉಪನೋಂದಣಿ ಕಚೇರಿಯಲ್ಲಿ ರುಜು ಹಾಕಿಸಿಕೊಳ್ಳುವುದು ಓದಿದ ಮನೆತನಗಳಲ್ಲಿಯೂ ಉಂಟು. ರುಜು ಹಾಕುವವಳಿಗೆ ತವರುಮನೆಯ ಬಾಗಿಲು ಮುಚ್ಚೀತೆಂಬ ಭಯ; ಹಾಕಿಸಿಕೊಳ್ಳುವವನಿಗೆ ಮದುವೆಗೆ ಮಾಡಿದ ಖರ್ಚಿನ ನೆನಪು. ಆ ಖರ್ಚಿನ ಲೆಕ್ಕವೇ ಭಾರುಚಿಯ ವ್ಯಾಖ್ಯಾನ. ವಿಜ್ಞಾನೇಶ್ವರನು ಅದಕ್ಕೆ ಕೊಟ್ಟ ಉತ್ತರವು ಅಚ್ಚಿನಲ್ಲಿ ಕೆಲವೇ ಪುಟಗಳಷ್ಟಿದೆ. ಪತ್ರವನ್ನು ಬರೆಯುವವನು ಮುದ್ರೆಯ ಕಾಗದವನ್ನು ತರುವಷ್ಟರೊಳಗೆ ಓದಿ ಮುಗಿಸಬಹುದು.