ಮುಕ್ಕನುಮಕ್ಕೆ ಹೆಸರು ಕೊಟ್ಟದ್ದು ಬಾಡೂಟವೇ?

ಆಂಧ್ರದಲ್ಲಿ ಋಷಿಕೊಂಡದ ಕಡಲಂಚಿನಿಂದ ವಿಜಯವಾಡದ ಕೃಷ್ಣೆಯ ದಡದವರೆಗೆ ಸಂಕ್ರಾಂತಿ ಒಂದೇ ದಿನಕ್ಕೆ ಮುಗಿಯುವ ಹಬ್ಬವಲ್ಲ. ಭೋಗಿ, ಸಂಕ್ರಾಂತಿ, ಕನುಮ ಕಳೆದ ಮೇಲೆ ನಾಲ್ಕನೆಯ ದಿನ ಮುಕ್ಕನುಮ. ಕನುಮದಂದು ದನಕರುಗಳಿಗೆ ಪೂಜೆ, ಮನೆಯವರಿಗೆ ಗಾರೆ, ಅಂದರೆ ಉದ್ದಿನ ವಡೆ. ಅಂದು ಕಾಗೆಯೂ ಕದಲದು ಎಂದು ಹೇಳಿ ಬಂದ ನೆಂಟರನ್ನು ಉಳಿಸಿಕೊಳ್ಳುತ್ತಾರೆ. ಮರುದಿನ ಮಾಂಸ ತಿನ್ನುವ ಮನೆಗಳಲ್ಲಿ ಕೋಳಿಯೋ ಕುರಿಯೋ ಒಲೆ ಏರುತ್ತದೆ. ತೆಲುಗಿನಲ್ಲಿ ಮಾಂಸದ ತುಂಡಿಗೆ ‘ಮುಕ್ಕ’ ಎನ್ನುವುದರಿಂದ ಹಬ್ಬದ ಹೆಸರೂ ಅಲ್ಲಿಂದಲೇ ಬಂತು ಎನ್ನುವವರು ಬಹಳ. ಈ ವಿವರಣೆಯನ್ನು ನಾನು ಒಪ್ಪಲಾರೆ. ಹೊಸದಾಗಿ ಮದುವೆಯಾದ ಹೆಣ್ಣುಮಕ್ಕಳು ಬೊಮ್ಮಲ ನೋಮು ಹಿಡಿಯುವುದೂ ಅದೇ ದಿನ. ಮಣ್ಣಿನ ಬೊಂಬೆ ಕೂರಿಸಿ, ಒಂಬತ್ತು ದಿನ ಸಾವಿತ್ರಿ ಗೌರಿಯನ್ನು ಪೂಜಿಸಿ ನೀರಿಗೆ ಬಿಡುವ ಆ ವ್ರತದಲ್ಲಿ ಮಾಂಸದ ಸೋಂಕೂ ಇಲ್ಲ. ಆದರೂ ಆ ಮನೆಗಳಲ್ಲಿ ದಿನದ ಹೆಸರು ಮುಕ್ಕನುಮವೇ.

ಹಬ್ಬದ ಆಚರಣೆಯಿಂದ ಹೆಸರನ್ನು ಹಿಂದಕ್ಕೆ ನೇಯುವ ಈ ಚಪಲ ಎಲ್ಲ ಕಡೆಯೂ ಇದೆ. ಇಂಗ್ಲೆಂಡಿನಲ್ಲಿ ಈಸ್ಟರ್ ಕಳೆದ ಎರಡನೆಯ ಸೋಮವಾರ, ಮಂಗಳವಾರಗಳಿಗೆ ಹಾಕ್‌ಟೈಡ್ ಎಂದು ಹೆಸರು. ಒಂದು ದಿನ ಹೆಂಗಸರು ಗಂಡಸರನ್ನು, ಇನ್ನೊಂದು ದಿನ ಗಂಡಸರು ಹೆಂಗಸರನ್ನು ಹಗ್ಗದಲ್ಲಿ ಕಟ್ಟಿ, ಬಿಡುಗಡೆಗೆ ಹಣ ಕೇಳಿ, ಅದನ್ನು ಚರ್ಚಿಗೆ ಕೊಡುತ್ತಿದ್ದರು. ಇದು 1002ರಲ್ಲಿ ನಡೆದ ಡೇನರ ಹತ್ಯಾಕಾಂಡದ ನೆನಪು ಎಂದು ಕೆಲವರು, 1042ರಲ್ಲಿ ದೊರೆ ಹಾರ್ಥಕ್‌ನಟ್ ಸತ್ತದ್ದರ ಸಂಭ್ರಮ ಎಂದು ಕೆಲವರು ಬರೆದರು. ಹತ್ಯಾಕಾಂಡ ನಡೆದದ್ದು ನವೆಂಬರ್ 13ಕ್ಕೆ, ದೊರೆ ಸತ್ತದ್ದು ಜೂನ್ 8ಕ್ಕೆ. ಈಸ್ಟರಿನ ಬೆನ್ನಿಗೆ ಬರುವ ಹಬ್ಬಕ್ಕೆ ಎರಡೂ ತಾಳೆಯಾಗುವುದಿಲ್ಲ. ಹೆಸರಿನ ಮೂಲ ಇವತ್ತಿಗೂ ಬಗೆಹರಿದಿಲ್ಲ. ಹಬ್ಬವಂತೂ ಹಂಗರ್‌ಫರ್ಡ್ ಊರಿನಲ್ಲಿ ಉಳಿದಿದೆ: ಹೂ ಕಟ್ಟಿದ ಉದ್ದ ಕೋಲು ಹಿಡಿದ ಟಟ್ಟಿಮನ್‌ಗಳು ಮನೆಮನೆಗೆ ಹೋಗಿ ಮುತ್ತು ಕೇಳುತ್ತಾರೆ, ಕಿತ್ತಳೆ ಕೊಡುತ್ತಾರೆ.

ಮುಕ್ಕನುಮವೆಂದರೆ ದೇವರ ಹಬ್ಬದಲ್ಲಿ ಬಿಗಿಹಿಡಿದ ನಾಲಿಗೆಯನ್ನು ಸಡಿಲ ಬಿಡುವ ದಿನವಷ್ಟೇ, ಇದಕ್ಕೇಕೆ ಇಷ್ಟು ವಿಚಾರ ಎಂದು ಕೇಳಬಹುದು. ಹಾಗೆ ಕೇಳುವವರು ಮಂಡ್ಯ, ರಾಮನಗರದ ಕಡೆಯ ಹೊಸತೊಡಕನ್ನು ನೋಡಬೇಕು. ಯುಗಾದಿಯ ಮರುದಿನದ ಆ ಬಾಡೂಟಕ್ಕಾಗಿ ವರ್ಷವಿಡೀ ಚೀಟಿ ಕಟ್ಟುವವರಿದ್ದಾರೆ. ನಾಲ್ಕಾರು ಮನೆಯವರು ಸೇರಿ ಕುರಿ ಕೊಂಡು, ಕೊಯ್ದು, ಮಾಂಸವನ್ನು ಗುಡ್ಡೆ ಹಾಕುತ್ತಾರೆ. ಈಲಿಯ ಒಂದು ಚೂರು, ಬೋಟಿಯ ಒಂದಿಷ್ಟು, ತೊಡೆಯ ತುಂಡು, ಮೂಳೆ ಎಲ್ಲವೂ ಪ್ರತಿ ಗುಡ್ಡೆಗೂ ಬೀಳಬೇಕು. ಕಣ್ಣಳತೆಗೆ ಹೆಚ್ಚುಕಡಿಮೆ ಕಂಡರೆ ಒಂದರಿಂದ ತೆಗೆದು ಇನ್ನೊಂದಕ್ಕೆ ಹಾಕುತ್ತಾರೆ. ನಾಲಿಗೆಯ ಚಪಲವೊಂದೇ ಆಗಿದ್ದರೆ ಅಂಗಡಿಯಿಂದ ಅರ್ಧ ಕಿಲೋ ತಂದರೆ ಸಾಕಿತ್ತು. ಇಷ್ಟೆಲ್ಲ ಬಾಡಿನ ದಿನವಾದರೂ ಹೊಸತೊಡಕು ಎಂಬ ಹೆಸರಿನಲ್ಲಿ ಬಾಡಿಲ್ಲ, ಹೊಸ ವರ್ಷದ ತೊಡಗುವಿಕೆ ಇದೆ. ಮುಕ್ಕನುಮದ ಹೆಸರಿನಲ್ಲಿ ಮಾತ್ರ ಮಾಂಸವನ್ನೇ ಹುಡುಕುತ್ತ ಕೂತರೆ, ಅದೇ ಬೆಳಗ್ಗೆ ಬೊಂಬೆಯ ಮುಂದೆ ದೀಪ ಹಚ್ಚುವ ಮದುಮಗಳು ನಮ್ಮ ಲೆಕ್ಕದಿಂದಲೇ ಬಿಟ್ಟುಹೋಗುತ್ತಾಳೆ.