ಬಯಕೆಗೆ ಕಾರಣ ಕೇಳುವ ಸಿನಿಮಾ

ಮದುವೆಯ ಮಂತ್ರದಲ್ಲಿ ವರ ಒಂದು ಮಾತು ಕೊಡುತ್ತಾನೆ: ಧರ್ಮ, ಅರ್ಥ, ಕಾಮಗಳಲ್ಲಿ ನಿನ್ನನ್ನು ಮೀರಿ ನಡೆಯುವುದಿಲ್ಲ ಎಂದು. ಅದೇ ‘ನಾತಿಚರಾಮಿ’. ಮಾತು ಕೊಡುವವನು ಗಂಡು. ಅವನು ಸತ್ತ ಮೇಲೂ ಅದನ್ನು ಕಾಯಬೇಕಾದವಳು ಮಾತ್ರ ಹೆಣ್ಣು. ಎನ್. ಸಂಧ್ಯಾರಾಣಿ ಬರೆದು ಮಂಸೋರೆ ನಿರ್ದೇಶಿಸಿದ 2018ರ ‘ನಾತಿಚರಾಮಿ’ ಸಿನಿಮಾದ ವ್ಯಂಗ್ಯ ಅದರ ಹೆಸರಿನಿಂದಲೇ ಶುರುವಾಗುತ್ತದೆ.

ಗೌರಿ (ಶ್ರುತಿ ಹರಿಹರನ್) ಗಂಡನನ್ನು ಕಳೆದುಕೊಂಡವಳು. ಸ್ವಂತ ದುಡಿಮೆಯಿದೆ, ಗಂಡನ ನೆನಪೂ ಮಾಸಿಲ್ಲ. ಮನಸ್ಸು ಅವನಲ್ಲೇ ನಿಂತಿದ್ದರೂ ಮೈಗೆ ಹಸಿವಿದೆ. ಅದನ್ನು ಅವಳು ಸುರೇಶನ (ಸಂಚಾರಿ ವಿಜಯ್) ಎದುರು ಬಾಯಿಬಿಟ್ಟು ಹೇಳುತ್ತಾಳೆ. ಕೇಳಿಸಿಕೊಂಡ ಗಂಡಸು ತಬ್ಬಿಬ್ಬಾಗುತ್ತಾನೆ. ಕಾಮದ ಸಿನಿಮಾ ಎಂದರೆ ಹೆಣ್ಣಿನ ಮೈಮೇಲೆ ಹರಿದಾಡುವ ಕ್ಯಾಮೆರಾ ಎಂಬುದು ರೂಢಿ. ಲಾರಾ ಮಲ್ವಿ 1975ರ ತಮ್ಮ ಪ್ರಬಂಧದಲ್ಲಿ ಗುರುತಿಸಿದ ‘ಗಂಡುನೋಟ’ ಅದೇ. ಈ ಚಿತ್ರದ ಕಾವು ಇರುವುದು ಮೈ ತೋರಿಸುವುದರಲ್ಲಲ್ಲ, ಗೌರಿ ಕೇಳಿಯೇಬಿಡುವ ಆ ಮಾತಿನಲ್ಲಿ. ಬಯಸಲ್ಪಡುವವಳಾಗಿ ನಮಗೆ ಪರಿಚಿತಳಾದ ನಾಯಕಿ ಇಲ್ಲಿ ಬಯಸುವವಳಾಗುತ್ತಾಳೆ.

ಕನ್ನಡಕ್ಕೆ ಇದು ಪೂರ್ತಿ ಹೊಸದಲ್ಲ. ಭಾರತೀಸುತರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ 1973ರಲ್ಲೇ ‘ಎಡಕಲ್ಲು ಗುಡ್ಡದ ಮೇಲೆ’ ಮಾಡಿದ್ದರು. ಜಯಂತಿಯವರ ಮಾಧವಿಗೆ ಗಂಡನಿದ್ದಾನೆ. ಯುದ್ಧದ ಗಾಯ ಅವನನ್ನು ದಾಂಪತ್ಯಸುಖಕ್ಕೆ ಎರವಾಗಿಸಿದೆ. ಅವಳು ಹರೆಯದ ನಂಜುಂಡನತ್ತ ವಾಲುತ್ತಾಳೆ. ಆ ಕಾಲಕ್ಕೆ ದೊಡ್ಡ ಧೈರ್ಯ. ಆದರೂ ಕಥೆ ದುರಂತದಲ್ಲೇ ಮುಗಿಯಬೇಕಾಯಿತು.

ಇವೆರಡರ ನಡುವೆ ಗಿರೀಶ್ ಕಾಸರವಳ್ಳಿಯವರ ‘ದ್ವೀಪ’ವನ್ನಿಟ್ಟು ನೋಡಿ. ನಮ್ಮ ಮುಳಬಾಗಿಲು ಸೀಮೆಯ ಸೌಂದರ್ಯ ತಾವೇ ನಿರ್ಮಿಸಿ, ನಾಗಿಯಾಗಿ ನಟಿಸಿದ ಚಿತ್ರ. ಮುಳುಗುತ್ತಿರುವ ಊರಿನ ಆ ಒಂಟಿ ಮನೆಗೆ ಕೃಷ್ಣ ಬಂದಾಗ ನಾಗಿಯ ಮುಖ ಅರಳುತ್ತದೆ. ಅದಕ್ಕೆ ‘ಬಯಕೆ’ ಎಂದು ಹೆಸರಿಡುವುದು ನಾಗಿಯಲ್ಲ, ಗಂಡನ ಸಂಶಯ. ಅವಳ ಪಾಲಿಗೆ ಅದು ಏನಾಗಿತ್ತೆಂದು ಅವಳ ಬಾಯಿಂದ ನಾವು ಕೇಳುವುದೇ ಇಲ್ಲ.

ಮೂರನ್ನೂ ಒಟ್ಟಿಗಿಟ್ಟರೆ ಒಂದು ನಿಯಮ ಕಾಣುತ್ತದೆ. ಗಂಡ ಅಶಕ್ತನಾಗಿದ್ದರೆ, ಇಲ್ಲವೇ ಸತ್ತಿದ್ದರೆ, ಹೆಣ್ಣಿನ ಬಯಕೆಯ ಬಗ್ಗೆ ಮಾತಾಡಬಹುದು. ಗಟ್ಟಿಮುಟ್ಟಾಗಿ ಎದುರಿಗಿದ್ದರೆ ಅವಳು ಮೌನಿ. ಗಂಡಸಿನ ಬಯಕೆಗೆ ಯಾವ ಸಿನಿಮಾವೂ ಇಂಥ ಕಾರಣಪತ್ರ ಕೇಳಿಲ್ಲ. ರಾಷ್ಟ್ರಪ್ರಶಸ್ತಿಗಳನ್ನು ಪಡೆದ ‘ನಾತಿಚರಾಮಿ’ ಕೂಡ ಗೌರಿಯನ್ನು ಆಪ್ತಸಮಾಲೋಚಕರ ಮುಂದೆ ಕೂರಿಸುತ್ತದೆ. ಮನಸ್ಸು ಬಿಚ್ಚಿಡಲು ಅವಳಿಗೊಂದು ಜಾಗ ಸಿಕ್ಕಿತು, ನಿಜ. ಜೊತೆಗೇ ಹಸಿವು ಚಿಕಿತ್ಸೆ ಬೇಕಾದ ಕಾಯಿಲೆಯಂತೆಯೂ ಕಂಡುಬಿಡುತ್ತದೆ.

ಹಾಗಾಗಿ ನನ್ನನ್ನು ಹೆಚ್ಚು ಕಾಡುವವಳು ಸುರೇಶನ ಹೆಂಡತಿ ಸುಮಾ. ಗಂಡನನ್ನು ಮೆಚ್ಚಿಸಲು ಹೆಣಗುವ, ಅವನಿಂದ ಹೀಗಳೆಸಿಕೊಳ್ಳುವ ಹೆಣ್ಣು. ಗೌರಿಗೆ ಕನಿಷ್ಠ ವೈಧವ್ಯದ ನೆಪವಿದೆ, ಇವಳಿಗೆ ಅದೂ ಇಲ್ಲ. ‘ನಾತಿಚರಾಮಿ’ ಅವಳನ್ನು ಅಡುಗೆಮನೆಯಲ್ಲಿ ಮರೆತುಬಿಡದೆ ಗೌರಿಯ ಎದುರಿಗಿಟ್ಟು ತೋರಿಸಿದ್ದು ದೊಡ್ಡದು. ಗಂಡ ಬದುಕಿರುವಾಗಲೇ, ಯಾವ ಕಾರಣವನ್ನೂ ಒಪ್ಪಿಸದೆ, ಸುಮಾಳಂಥವಳು ತನಗೇನು ಬೇಕೆಂದು ಹೇಳುವ ಕನ್ನಡ ಸಿನಿಮಾಕ್ಕೆ ನಾನಿನ್ನೂ ಕಾಯುತ್ತಿದ್ದೇನೆ.